ಮರ್ಯಾದಸ್ಥರ ಮನೆ ಮತ್ತು ನೋಡದ ಊರು

1985ರ ಆಗಸ್ಟ್ 23ರಂದು ಅರ್ಜೆಂಟೀನಾದ ಪೊಲೀಸರು ಸಾನ್ ಇಸಿದ್ರೊದ ಒಂದು ಮನೆಗೆ ನುಗ್ಗಿದರು. ರಾಜಧಾನಿ ಬ್ಯೂನಸ್ ಐರಿಸ್‌ನ ಉತ್ತರಕ್ಕಿರುವ ಸಾನ್ ಇಸಿದ್ರೊ ಹಳೆಯ ಹಣವಂತರ ಊರು. ಆ ಮನೆಯ ನೆಲಮಾಳಿಗೆಯಲ್ಲಿ 58 ವರ್ಷದ ಮಹಿಳೆಯೊಬ್ಬರು ಸರಪಳಿ ಹಾಕಿಸಿಕೊಂಡು ಬಿದ್ದಿದ್ದರು. ಒತ್ತೆಹಣಕ್ಕಾಗಿ ಅವರನ್ನು ಹಿಡಿದು ತಂದು 32 ದಿನಗಳಾಗಿದ್ದವು. ಪಕ್ಕದಲ್ಲಿ ಹುಲ್ಲಿನ ಪಿಂಡಿ ಇಟ್ಟು ಅದರ ಮೇಲಿಂದ ಫ್ಯಾನ್ ಬೀಸುವಂತೆ ಮಾಡಿದ್ದರು. ತಾನಿರುವುದು ದೂರದ ಯಾವುದೋ ತೋಟದ ಮನೆಯಲ್ಲಿ ಎಂದು ಆಕೆ ನಂಬಬೇಕಿತ್ತು. ಅವರ ತಲೆಯ ಮೇಲಿನ ಅಂತಸ್ತಿನಲ್ಲಿ ಒಂದು ಸಂಸಾರ ಎಂದಿನಂತೆ ಉಂಡು, ಟೀವಿ ನೋಡಿ, ಮಲಗಿ ಏಳುತ್ತಿತ್ತು.

ಮನೆಯ ಯಜಮಾನ ಆರ್ಕಿಮೆದೆಸ್ ಪುಚ್ಚಿಯೊ. ಲೆಕ್ಕಪತ್ರದ ವೃತ್ತಿಯವನು, ಹಿಂದೆ ವಿದೇಶಾಂಗ ಇಲಾಖೆಯಲ್ಲಿದ್ದವನು. ಹೆಂಡತಿ ಶಾಲಾ ಶಿಕ್ಷಕಿ. ಐವರು ಮಕ್ಕಳು. ಹಿರಿಯ ಮಗ ಅಲೆಹಾಂದ್ರೊ ಸಾನ್ ಇಸಿದ್ರೊದ ಹೆಸರಾಂತ ರಗ್ಬಿ ಕ್ಲಬ್ಬಿನ ತಾರೆ, ರಾಷ್ಟ್ರೀಯ ತಂಡಕ್ಕೂ ಆಡಿದವನು. ಮನೆಗೆ ತಾಗಿಕೊಂಡೇ ಅವನ ಅಂಗಡಿಯಿತ್ತು, ನೀರಿನ ಮೇಲಿನ ಆಟಗಳ ಸಾಮಾನು ಮಾರುತ್ತಿತ್ತು. ಅಪ್ಪ ಮನೆ ಮುಂದಿನ ಕಾಲುದಾರಿಯನ್ನು ಹೊತ್ತುಗೊತ್ತಿಲ್ಲದೆ ಗುಡಿಸುತ್ತಿದ್ದ. ಅಕ್ಕಪಕ್ಕದವರು ಅವನಿಗೆ ಪೊರಕೆ ಹುಚ್ಚ ಎಂದು ಅಡ್ಡಹೆಸರು ಇಟ್ಟಿದ್ದರು. ಮೂರು ವರ್ಷಗಳಲ್ಲಿ ಈ ಅಪ್ಪ, ಮಗ ಮತ್ತು ಅವರ ಸಹಚರರ ಗುಂಪು ಮೂವರನ್ನು ಕೊಂದಿತ್ತು. 1982ರ ಜುಲೈನಲ್ಲಿ ರಿಕಾರ್ದೊ ಮನೂಕಿಯಾನ್, 1983ರ ಮೇ ತಿಂಗಳಲ್ಲಿ ಎದುವಾರ್ದೊ ಔಲೆತ್, 1984ರ ಜೂನ್‌ನಲ್ಲಿ ಎಮಿಲಿಯೊ ನಾವುಂ. ಮೊದಲಿಬ್ಬರ ಮನೆಯವರು ಒತ್ತೆಹಣ ಕೊಟ್ಟಿದ್ದರು. ಕೊಟ್ಟ ಮೇಲೂ ಕೊಂದರು. ಮೂರನೆಯವನು ಹಿಡಿಯಲು ಬಂದವರೊಡನೆ ಸೆಣಸಿದ್ದಕ್ಕೆ ಅಲ್ಲೇ ಗುಂಡಿಗೆ ಬಲಿಯಾದ.

ಇಂಥ ಪ್ರಕರಣ ಸಿನಿಮಾದವರ ಕೈಗೆ ಸಿಗದೆ ಇರುವುದಿಲ್ಲ. 2015ರಲ್ಲಿ ಒಂದೇ ವರ್ಷ ಇದರ ಮೇಲೆ ಒಂದು ಚಲನಚಿತ್ರವೂ ಒಂದು ಕಿರುತೆರೆ ಸರಣಿಯೂ ಬಂದವು. ಅಲ್ಲಿಂದೀಚೆಗೆ ಓಟಿಟಿಯ ದೆಸೆಯಿಂದ ಮರ್ಯಾದಸ್ಥ ಕುಟುಂಬ ಮತ್ತು ಅದು ಮುಚ್ಚಿಟ್ಟ ಘೋರ ಅಪರಾಧ ಎನ್ನುವುದು ಎಲ್ಲ ಭಾಷೆಗಳಲ್ಲೂ ಬೇಡಿಕೆಯಿರುವ ಸರಕಾಗಿದೆ. ನಮ್ಮ ಬೆಂಗಳೂರಿನ ರಿಚ್ಮಂಡ್ ರಸ್ತೆ, ನಮ್ಮ ಬಂಟ್ವಾಳ ಕೂಡ ಈ ಸಾಲಿಗೆ ಸೇರಿವೆ. ಇವುಗಳಲ್ಲಿ ಕೆಲವನ್ನು ಒಟ್ಟಿಗೆ ಇಟ್ಟು ನೋಡಿದಾಗ ನನಗೆ ಕಂಡದ್ದನ್ನು ಮೊದಲೇ ಹೇಳಿಬಿಡುತ್ತೇನೆ. ಮರ್ಯಾದೆ ಎನ್ನುವುದು ಆ ಮನೆಯವರು ತಾವಾಗಿ ತೊಟ್ಟುಕೊಂಡ ವೇಷವಲ್ಲ. ಅದನ್ನು ಕೊಟ್ಟವರು ನೆರೆಯವರು, ಕ್ಲಬ್ಬಿನವರು, ಠಾಣೆಯವರು. ಕೊಟ್ಟವರನ್ನು ಬಿಟ್ಟು ಪಡೆದವರ ಮನಸ್ಸನ್ನು ಮಾತ್ರ ಬಗೆದು ತೋರಿಸುವ ನಾಟಕ ಎಷ್ಟೇ ಚೆನ್ನಾಗಿದ್ದರೂ ಅರ್ಧ ಸತ್ಯದಲ್ಲೇ ನಿಲ್ಲುತ್ತದೆ.

ಪಾಬ್ಲೊ ತ್ರಪೇರೊ ನಿರ್ದೇಶಿಸಿದ 'ಎಲ್ ಕ್ಲಾನ್' ಆ ಅರ್ಧವನ್ನು ದಾಟಲು ಯತ್ನಿಸಿದ ಚಿತ್ರ. ಅದರ ಒಂದು ದೃಶ್ಯವನ್ನು ನೋಡಿದವರು ಮರೆಯಲಾರರು. ಅಡುಗೆಮನೆಯಲ್ಲಿ ರಾತ್ರಿಯ ಊಟ ಸಿದ್ಧವಾಗುತ್ತಿದೆ. ಅಪ್ಪ ಒಂದು ತಟ್ಟೆಗೆ ಊಟ ಬಡಿಸಿಕೊಂಡು ಹೊರಡುತ್ತಾನೆ. ಕ್ಯಾಮೆರಾ ಅವನ ಬೆನ್ನು ಬಿಡುವುದಿಲ್ಲ. ದಾರಿಯಲ್ಲಿ ಸಿಕ್ಕ ಮಕ್ಕಳೊಡನೆ ಮನೆಯ ಮಾತು. ಯಾರಿಗೋ ಊಟಕ್ಕೆ ಬಾ ಎನ್ನುತ್ತಾನೆ. ಆಮೇಲೆ ಒಂದು ಬಾಗಿಲಿನ ಬೀಗ ತೆಗೆಯುತ್ತಾನೆ. ಒಳಗೆ ಸ್ನಾನದ ಮನೆಯಲ್ಲಿ, ಮುಖಕ್ಕೆ ಮುಸುಕು ಹಾಕಿ ಕಟ್ಟಿಹಾಕಿದ ಯುವಕ. ದೃಶ್ಯ ಎಲ್ಲೂ ಕತ್ತರಿಸುವುದಿಲ್ಲ. ಊಟದ ಮೇಜಿಗೂ ಆ ಬಾಗಿಲಿಗೂ ನಡುವೆ ಇರುವುದು ಹತ್ತಾರು ಹೆಜ್ಜೆ ಎಂಬುದನ್ನು ಬೇರೆ ಯಾವ ರೀತಿಯಲ್ಲಿ ಹೇಳಿದ್ದರೂ ಇಷ್ಟು ನಾಟುತ್ತಿರಲಿಲ್ಲ. ಗೊತ್ತಿರಲಿಲ್ಲ ಎಂಬ ಮಾತನ್ನು ಈ ಒಂದು ದೃಶ್ಯ ಪ್ರಶ್ನೆಯಾಗಿಸುತ್ತದೆ. ತೀರ್ಪನ್ನು ಮಾತ್ರ ಕೊಡುವುದಿಲ್ಲ.

ಅಪ್ಪನ ಪಾತ್ರಕ್ಕೆ ತ್ರಪೇರೊ ಆರಿಸಿಕೊಂಡದ್ದು ಗಿಯೆರ್ಮೊ ಫ್ರಾನ್ಸೆಲ್ಲಾನನ್ನು. ಅರ್ಜೆಂಟೀನಾದ ಮನೆಮನೆಗೆ ಪರಿಚಿತನಾದ ಹಾಸ್ಯನಟ ಆತ, ದಶಕಗಳಿಂದ ಜನರನ್ನು ನಗಿಸಿದವನು. ಚಿತ್ರಮಂದಿರಕ್ಕೆ ಬಂದವರು ಆ ಮುಖವನ್ನು ನಂಬಿಕೊಂಡೇ ಬಂದಿದ್ದರು. ಸಾನ್ ಇಸಿದ್ರೊದವರಿಗೆ ಆದದ್ದು ಪ್ರೇಕ್ಷಕರಿಗೂ ಒಂದಿಷ್ಟು ಆಗಲಿ ಎಂಬ ಆಯ್ಕೆ ಅದು. ಅದು ಫಲಿಸಿದೆ. ಆ ಚಿತ್ರವನ್ನು ಅವನ ದೇಶದಲ್ಲೇ 25 ಲಕ್ಷಕ್ಕೂ ಹೆಚ್ಚು ಜನ ನೋಡಿದರು, ವೆನಿಸ್ ಉತ್ಸವದಲ್ಲಿ ತ್ರಪೇರೊಗೆ ಶ್ರೇಷ್ಠ ನಿರ್ದೇಶಕನ ಬೆಳ್ಳಿ ಸಿಂಹ ಬಂತು.

ಆದರೆ ಈ ಚಿತ್ರದ ನಿಜವಾದ ಬಲ ಇರುವುದು ಮನೆಯ ಹೊರಗೆ. ಚಿತ್ರ ಅಧ್ಯಕ್ಷ ರಾವುಲ್ ಆಲ್ಫೊನ್ಸಿನ್‌ನ ಹಳೆಯ ಸುದ್ದಿ ತುಣುಕನ್ನು ಎದುರಿಗಿಡುತ್ತದೆ. ಪುಚ್ಚಿಯೊನ ಕಥೆಗೂ ಅಧ್ಯಕ್ಷನಿಗೂ ಏನು ಸಂಬಂಧ? ಸಂಬಂಧ ಇಡೀ ಸಂಗತಿಯ ಬುಡದಲ್ಲಿದೆ. 1976ರಿಂದ 1983ರವರೆಗೆ ಅರ್ಜೆಂಟೀನಾವನ್ನು ಆಳಿದ್ದು ಸೈನ್ಯ. ಆ ವರ್ಷಗಳಲ್ಲಿ ಜನರನ್ನು ಬೀದಿಯಲ್ಲಿ, ಮನೆಯಲ್ಲಿ, ಕಾಲೇಜಿನಲ್ಲಿ ಹಿಡಿದು ಕಾರಿಗೆ ತುಂಬಿ ಗುಪ್ತ ಬಂದೀಖಾನೆಗಳಿಗೆ ಒಯ್ದರು. ಹೋದವರಲ್ಲಿ ಬಹುಪಾಲು ಜನ ಮರಳಲಿಲ್ಲ. ಪ್ರಜಾಪ್ರಭುತ್ವ ಮರಳಿದ ಮೇಲೆ ನೇಮಕವಾದ ಆಯೋಗ 1984ರ ಸೆಪ್ಟೆಂಬರ್‌ನಲ್ಲಿ ಆಲ್ಫೊನ್ಸಿನ್‌ಗೆ ಕೊಟ್ಟ ವರದಿಯಲ್ಲಿ ಕಾಣೆಯಾದವರ 8,960 ಪ್ರಕರಣಗಳು ದಾಖಲಾಗಿವೆ. ಮಾನವ ಹಕ್ಕು ಸಂಘಟನೆಗಳು ಹೇಳುವ ಸಂಖ್ಯೆ 30,000.

ಪುಚ್ಚಿಯೊಗೆ ಈ ಯಂತ್ರದೊಳಗಿನವರ ನಂಟಿತ್ತು. ಅವನ ಸಹಚರರಲ್ಲಿ ಒಬ್ಬ ನಿವೃತ್ತ ಕರ್ನಲ್. ಸರ್ವಾಧಿಕಾರ ಕುಸಿಯುತ್ತಿದ್ದಂತೆ ಹಿಡಿದು ತರುವುದು, ಬಚ್ಚಿಡುವುದು, ಬಾಯಿ ಬಿಡಿಸುವುದು ಇಷ್ಟನ್ನೇ ಕಸುಬಾಗಿ ಕಲಿತಿದ್ದ ಎಷ್ಟೋ ಜನರಿಗೆ ಕೆಲಸವಿಲ್ಲದಾಯಿತು. ಅವರಲ್ಲಿ ಕೆಲವರು ಅದೇ ಕಸುಬನ್ನು ಖಾಸಗಿಯಾಗಿ ಮುಂದುವರಿಸಿದರು. ಅರ್ಜೆಂಟೀನಾದ ಜನ ಅವರನ್ನು ನಿರುದ್ಯೋಗಿ ಕೆಲಸಗಾರರು ಎಂದೇ ಕರೆಯುತ್ತಿದ್ದರು. ಮನೂಕಿಯಾನ್‌ನ ಅಪಹರಣ ನಡೆದದ್ದು ಫಾಕ್‌ಲ್ಯಾಂಡ್ಸ್ ಯುದ್ಧದಲ್ಲಿ ಸೈನ್ಯ ಸೋತ ಮರುತಿಂಗಳು.

ಇನ್ನೊಂದು ಕಲಿಕೆ ಜನಸಾಮಾನ್ಯರದು. ಏಳು ವರ್ಷ ಪಕ್ಕದ ಮನೆಯಿಂದ ಯಾರನ್ನೋ ಎಳೆದೊಯ್ದಾಗ ಕಿಟಕಿ ಮುಚ್ಚಿಕೊಳ್ಳುವುದು ಅಭ್ಯಾಸವಾಗಿತ್ತು. ಅವರು ಏನೋ ಮಾಡಿರಬೇಕು, ಸುಮ್ಮನೆ ಯಾರನ್ನಾದರೂ ಹಿಡಿಯುತ್ತಾರೆಯೇ ಎನ್ನುವುದು ಆ ಕಾಲದಲ್ಲಿ ಬಾಯಿಂದ ಬಾಯಿಗೆ ಓಡಾಡಿದ ಸಮಾಧಾನ. ಇಂಥ ಊರಿನಲ್ಲಿ ರಾತ್ರಿ ಹೊತ್ತು ಒಂದು ಗ್ಯಾರೇಜಿನ ಬಾಗಿಲು ತೆರೆದು ಮುಚ್ಚಿದರೆ, ಒಂದು ಕಡೆಯಿಂದ ಯಾರೋ ನರಳಿದಂತೆ ಕೇಳಿಸಿದರೆ, ರೇಡಿಯೊ ವಿನಾಕಾರಣ ಜೋರಾಗಿ ಹಾಡಿದರೆ ಯಾರೂ ಕೇಳಲು ಹೋಗುವುದಿಲ್ಲ. ದೇಶವೇ ನೆಲಮಾಳಿಗೆಗಳನ್ನು ನೋಡದೆ ಬದುಕುವುದನ್ನು ಕಲಿತಿದ್ದಾಗ ಪುಚ್ಚಿಯೊನ ನೆಲಮಾಳಿಗೆ ಅದರಲ್ಲೊಂದಾಯಿತು. ಹಾಗಾಗಿಯೇ ಅವನು ಸಿಕ್ಕಿಬಿದ್ದ 1985 ಎಂಬ ವರ್ಷ ಮುಖ್ಯ. ಅದೇ ವರ್ಷ ಏಪ್ರಿಲ್‌ನಲ್ಲಿ ಸೇನಾ ಮುಖ್ಯಸ್ಥರ ಮೇಲಿನ ವಿಚಾರಣೆ ಶುರುವಾಗಿತ್ತು, ಬದುಕಿ ಬಂದವರು ನ್ಯಾಯಾಲಯದಲ್ಲಿ ನಿಂತು ಹೇಳುತ್ತಿದ್ದರು, ಜನ ಕೇಳಿಸಿಕೊಳ್ಳುತ್ತಿದ್ದರು. ರಕ್ಷಣೆ ಕೊಡುತ್ತಿದ್ದವರ ಕೈ ಹಿಂದೆ ಸರಿದಿತ್ತು. ಇದನ್ನು ತ್ರಪೇರೊ ಚೆನ್ನಾಗಿ ಹಿಡಿದಿದ್ದಾನೆ.

ಅವನು ಎಡವಿದ್ದು ಸಂಗೀತದಲ್ಲಿ. ಅಪಹರಣದ ದೃಶ್ಯಗಳಿಗೆ ಹಳೆಯ ಇಂಗ್ಲಿಷ್ ಪಾಪ್ ಹಾಡುಗಳ ಲವಲವಿಕೆ ಹಚ್ಚಿದ್ದಾನೆ. ಆ ಮನೆಯಲ್ಲಿ ಎರಡು ಲೋಕಗಳು ಒಟ್ಟಿಗೆ ಇದ್ದವು ಎಂದು ತೋರಿಸುವ ಉದ್ದೇಶ ಇರಬಹುದು. ಫಲ ಮಾತ್ರ ಬೇರೆ. ಕಾರಿನ ಡಿಕ್ಕಿಯಲ್ಲಿ ಒದ್ದಾಡುತ್ತಿರುವವನ ಭಯದಿಂದ ನಮ್ಮನ್ನು ಎತ್ತಿ ಅಪಹರಣಕಾರರ ಉಮೇದಿನ ಪಕ್ಕದಲ್ಲಿ ಕೂರಿಸುತ್ತದೆ. ನಿಜಕ್ಕೂ ಸತ್ತವರ ಕಥೆ ಹೇಳುವಾಗ ಇದು ಸಲ್ಲದು ಎಂದು ನನಗೆ ಅನ್ನಿಸುತ್ತದೆ.

2015ರಲ್ಲೇ ಬಂದ ಕಿರುತೆರೆ ಸರಣಿ 'ಇಸ್ತೋರಿಯ ದೆ ಉನ್ ಕ್ಲಾನ್'. ಲೂಯಿಸ್ ಒರ್ತೆಗಾ ನಿರ್ದೇಶಿಸಿದ ಹನ್ನೊಂದು ಕಂತು. ಅಲೆಹಾಂದ್ರೊ ಅವಾದಾ ಅಪ್ಪನಾಗಿ, ಚೀನೊ ದಾರಿನ್ ಮಗನಾಗಿ, ಸೆಸಿಲಿಯಾ ರಾತ್ ತಾಯಿಯಾಗಿ ನಟಿಸಿದ್ದಾರೆ. ಒರ್ತೆಗಾ ಮನೆಯೊಳಕ್ಕೆ ಹೊಕ್ಕು ಅಲ್ಲೇ ಉಳಿಯುತ್ತಾನೆ. ಅಪ್ಪನ ಮಾತಿನ ಮೋಡಿ, ಮಗನ ಅಧೀನತೆ, ಕನಸಿನಂಥ ಬೆಳಕು. ನಟನೆ ಉಸಿರು ಬಿಗಿಹಿಡಿಸುತ್ತದೆ. ಆದರೆ ಕಂತು ಕಳೆದಂತೆ ಊರು ಮರೆಯಾಗಿ, ಈ ಅಪರಾಧಗಳು ಒಂದು ವಿಚಿತ್ರ ಸಂಸಾರದ ರೋಗ ಎನ್ನುವಂತೆ ಕಾಣತೊಡಗುತ್ತವೆ. ತಾಯಿಯ ವಿಷಯ ಇನ್ನೂ ಸೂಕ್ಷ್ಮ. ಆಕೆಯನ್ನು ಬಂಧಿಸಿದ್ದರು, ಸಾಕ್ಷ್ಯವಿಲ್ಲವೆಂದು ಬಿಟ್ಟರು. ಹೆಣ್ಣುಮಕ್ಕಳ ಮೇಲೂ ಏನೂ ಸಾಬೀತಾಗಲಿಲ್ಲ. ನ್ಯಾಯಾಲಯ ಮುಟ್ಟದೆ ಬಿಟ್ಟ ಜಾಗದಲ್ಲಿ ನಟಿಯೊಬ್ಬಳ ಒಂದು ಕಣ್ಣೋಟ ತೀರ್ಪು ಬರೆದುಬಿಡಬಲ್ಲದು. ಬದುಕಿರುವ ಮನುಷ್ಯರ ಮೇಲೆ ಹಾಗೆ ಬರೆಯುವ ಅಧಿಕಾರ ಚಿತ್ರಕಥೆಗೆ ಇದೆಯೇ? ತ್ರಪೇರೊ ತಾಯಿಯ ಮುಖವನ್ನು ಓದಲಾಗದಂತೆ ಇಟ್ಟದ್ದು ಹೆಚ್ಚು ಪ್ರಾಮಾಣಿಕ.

ಸಾನ್ ಇಸಿದ್ರೊ ಬಿಡುವ ಮುನ್ನ ಇನ್ನೊಂದು ಮಾತು ಹೇಳಲೇಬೇಕು. ಮನೂಕಿಯಾನ್‌ಗೆ ಅಲೆಹಾಂದ್ರೊ ಗೊತ್ತಿದ್ದ. ಔಲೆತ್ ಕೂಡ ರಗ್ಬಿ ಆಡುತ್ತಿದ್ದವನು. ನಾವುಂಗೆ ಅಪ್ಪ ಪುಚ್ಚಿಯೊನ ಪರಿಚಯವಿತ್ತು, ರಸ್ತೆಯಲ್ಲಿ ಕೈ ತೋರಿಸಿದ್ದಕ್ಕೆ ಕಾರು ನಿಲ್ಲಿಸಿದ. ಅಂದರೆ ಈ ಗುಂಪಿನ ಮೊದಲ ಆಯುಧ ಪಿಸ್ತೂಲಲ್ಲ, ಪರಿಚಯ. ನಮ್ಮವರು, ನಮ್ಮ ಮಟ್ಟದವರು ಎಂಬ ಭರವಸೆಯೇ ಬಲಿಯಾದವರನ್ನು ಕಾರಿನಿಂದ ಇಳಿಸಿತು. ಬಂಧನದ ನಂತರವೂ ರಗ್ಬಿ ಗೆಳೆಯರಲ್ಲಿ ಹಲವರು ಅಲೆಹಾಂದ್ರೊ ನಿರಪರಾಧಿ ಎಂದೇ ನಂಬಿದ್ದರು. 1985ರ ನವೆಂಬರ್‌ನಲ್ಲಿ ಅವನು ನ್ಯಾಯಾಲಯದ ಐದನೇ ಮಹಡಿಯಿಂದ ಜಿಗಿದ, ಬದುಕಿಕೊಂಡ, 2008ರಲ್ಲಿ ತೀರಿಹೋದ. ಅಪ್ಪ ಜೈಲಿನಲ್ಲಿ ಕಾನೂನು ಓದಿ ವಕೀಲನಾದ. 2013ರಲ್ಲಿ ಸಾಯುವವರೆಗೂ ಕೊಲೆಗಳನ್ನು ಒಪ್ಪಿಕೊಳ್ಳಲಿಲ್ಲ.

ಇಂಗ್ಲೆಂಡಿನ 'ಲ್ಯಾಂಡ್‌ಸ್ಕೇಪರ್ಸ್' (2021) ಬೇರೆಯದೇ ಹದದ ಸರಣಿ. ಮ್ಯಾನ್ಸ್‌ಫೀಲ್ಡ್‌ನಲ್ಲಿ 1998ರಲ್ಲಿ ಒಬ್ಬ ಮಗಳು ಮತ್ತು ಅವಳ ಗಂಡ ಸೇರಿ ಆಕೆಯ ತಂದೆತಾಯಿಯನ್ನು ಗುಂಡಿಟ್ಟು ಕೊಂದು ಹಿತ್ತಲಲ್ಲಿ ಹೂತರು. ಆಮೇಲೆ 15 ವರ್ಷ ಸತ್ತವರ ಪಿಂಚಣಿ ಪಡೆದರು, ಸತ್ತವರ ಹೆಸರಿನಲ್ಲಿ ನೆಂಟರಿಗೆ ಕ್ರಿಸ್‌ಮಸ್ ಕಾರ್ಡ್ ಬರೆದರು. ಹಣದಲ್ಲಿ ಬಹಳಷ್ಟು ಹಳೆಯ ಹಾಲಿವುಡ್ ನಟರ ಸ್ಮರಣಿಕೆ ಕೊಳ್ಳಲು ಹೋಯಿತು. ತಂದೆಗೆ ನೂರು ವರ್ಷ ತುಂಬುವ ಹೊತ್ತಿಗೆ ಸರ್ಕಾರಿ ಇಲಾಖೆ ಹಿರಿಯರನ್ನು ಖುದ್ದು ಕಾಣಬೇಕು ಎಂದು ಬರೆದಾಗ ದಂಪತಿ ಫ್ರಾನ್ಸಿಗೆ ಓಡಿದರು. ಒಲಿವಿಯಾ ಕೋಲ್ಮನ್ ಮತ್ತು ಡೇವಿಡ್ ಥ್ಯೂಲಿಸ್ ಆ ಜೋಡಿಯ ಒಂಟಿತನವನ್ನು ಎದೆಗೆ ತಾಗುವಂತೆ ಅಭಿನಯಿಸಿದ್ದಾರೆ. ಸರಣಿ ಮುಗಿದಾಗ ನನ್ನನ್ನು ಕಾಡಿದ್ದು ಆ ಒಂಟಿತನವಲ್ಲ. ಇಬ್ಬರು ಮುದುಕರು ಹದಿನೈದು ವರ್ಷ ಕಣ್ಣಿಗೆ ಬೀಳದಿದ್ದರೂ ಒಂದು ಬೀದಿಯ ಜನ ಅವರು ದೂರ ಹೋಗಿದ್ದಾರೆ ಎಂದು ಒಪ್ಪಿಕೊಂಡ ಬಗೆ. ಕೊನೆಗೂ ಅವರನ್ನು ನೋಡಬೇಕು ಎಂದದ್ದು ಒಂದು ಕಡತ.

ಈಗ ಬೆಂಗಳೂರು. ಮೈಸೂರಿನ ದಿವಾನರಾಗಿದ್ದ ಸರ್ ಮಿರ್ಜಾ ಇಸ್ಮಾಯಿಲ್ ಅವರ ಮೊಮ್ಮಗಳು ಶಾಕೆರೆ ಖಲೀಲಿ 1991ರಲ್ಲಿ ಕಾಣೆಯಾದರು. ರಿಚ್ಮಂಡ್ ರಸ್ತೆಯ ದೊಡ್ಡ ಬಂಗಲೆ, ಹೆಸರಾಂತ ಮನೆತನ, ಸ್ವಾಮಿ ಶ್ರದ್ಧಾನಂದ ಎಂದು ಕರೆಸಿಕೊಳ್ಳುತ್ತಿದ್ದ ಎರಡನೇ ಗಂಡ. ತಾಯಿ ಎಲ್ಲಿ ಎಂದು ಮಗಳು ಕೇಳಿದಾಗಲೆಲ್ಲ ಅವನ ಬಳಿ ಒಂದು ಉತ್ತರವಿತ್ತು. ಒಮ್ಮೆ ವಿದೇಶದ ಆಸ್ಪತ್ರೆಯಲ್ಲಿದ್ದಾಳೆ ಎಂದ. ಮಗಳು ಆಸ್ಪತ್ರೆಯನ್ನೇ ವಿಚಾರಿಸಿದಳು, ಅಂಥವರು ಯಾರೂ ಇಲ್ಲ ಎಂಬ ಉತ್ತರ ಬಂತು. ಮುಂದೆ ಮುಂಬೈಯ ಹೋಟೆಲೊಂದರಲ್ಲಿ ಅವನ ಕೋಣೆಯಲ್ಲಿ ತಾಯಿಯ ಪಾಸ್‌ಪೋರ್ಟ್ ಆಕೆಯ ಕಣ್ಣಿಗೆ ಬಿತ್ತು. ಪಾಸ್‌ಪೋರ್ಟ್ ಇಲ್ಲಿದ್ದರೆ ತಾಯಿ ವಿದೇಶದಲ್ಲಿರುವುದು ಹೇಗೆ? ಆಕೆ ಪೊಲೀಸರಿಗೆ ದೂರು ಕೊಟ್ಟಳು. ಶವವನ್ನು ಆ ಬಂಗಲೆಯ ಆವರಣದಿಂದಲೇ ಹೊರತೆಗೆದದ್ದು 1994ರ ಮಾರ್ಚ್‌ನಲ್ಲಿ. ಮತ್ತಿನ ಮದ್ದು ಕೊಟ್ಟು, ಮೊದಲೇ ಮಾಡಿಸಿಟ್ಟಿದ್ದ ಮರದ ಪೆಟ್ಟಿಗೆಯಲ್ಲಿಟ್ಟು ಹೂಳಲಾಗಿತ್ತು. 2008ರಲ್ಲಿ ಸುಪ್ರೀಂ ಕೋರ್ಟ್ ಗಲ್ಲು ಶಿಕ್ಷೆಯನ್ನು ಸಾಯುವವರೆಗೆ ಬಿಡುಗಡೆಯಿಲ್ಲದ ಜೀವಾವಧಿಯಾಗಿ ಬದಲಿಸಿತು. ದೇಶದ ದಂಡನಾ ಕಾನೂನಿನ ಚರ್ಚೆಗಳಲ್ಲಿ ಆ ತೀರ್ಪನ್ನು ಇವತ್ತಿಗೂ ಉಲ್ಲೇಖಿಸುತ್ತಾರೆ.

ಪೆಟ್ಟಿಗೆ ಮಾಡಿದವರಿದ್ದರು, ಹೊಂಡ ತೋಡಿದವರಿದ್ದರು, ಮನೆಯಲ್ಲಿ ಆಳುಗಳಿದ್ದರು. ದೊಡ್ಡವರ ಮನೆಯಲ್ಲಿ ಯಾಕೆ, ಏನು ಎಂದು ಕೇಳುವ ಹಕ್ಕು ಅವರಿಗಿರಲಿಲ್ಲ. ಈ ಪ್ರಕರಣದ ಮೇಲೆ 2023ರಲ್ಲಿ ಬಂದ ಸಾಕ್ಷ್ಯಚಿತ್ರ ಸರಣಿ 'ಡ್ಯಾನ್ಸಿಂಗ್ ಆನ್ ದ ಗ್ರೇವ್' ಬಂಗಲೆಯ ವೈಭವವನ್ನೂ ಸ್ವಾಮಿಯ ನಿಗೂಢತೆಯನ್ನೂ ಮನಸಾರೆ ತೋರಿಸುತ್ತದೆ. ಜೈಲಿನಲ್ಲಿರುವ ಅಪರಾಧಿಯ ಮುಂದೆ ಮೈಕು ಹಿಡಿದು ಅವನ ವಾದಕ್ಕೆ ಧಾರಾಳವಾಗಿ ಹೊತ್ತು ಕೊಡುತ್ತದೆ. ಮೂರು ವರ್ಷ ಊರೂರು ಅಲೆದು ಕೇಳಿದ ಮಗಳ ಹಟವೇ ಈ ಕಥೆಯ ಬೆನ್ನೆಲುಬು. ಸರಣಿಯಲ್ಲಿ ಅದು ಹಿನ್ನೆಲೆಗೆ ಸರಿದುಬಿಟ್ಟಿದೆ. ಇದು ನನಗೆ ಅಸಮಾಧಾನ ತಂದ ಸಂಗತಿ.

ಬಂಟ್ವಾಳದ ಕಥೆಯಲ್ಲಿ ಬಂಗಲೆ ಇಲ್ಲ, ಮೇಷ್ಟ್ರಿದ್ದಾರೆ. ಸಯನೈಡ್ ಮೋಹನ್ ಎಂದು ಹೆಸರಾದವನು ದಕ್ಷಿಣ ಕನ್ನಡದಲ್ಲಿ ಪ್ರಾಥಮಿಕ ಶಾಲೆಯ ಶಿಕ್ಷಕನಾಗಿದ್ದ, ಸಂಸಾರಸ್ಥ. 2003ರಿಂದ 2009ರ ನಡುವೆ ಇಪ್ಪತ್ತು ಮಹಿಳೆಯರನ್ನು ಕೊಂದ ಆರೋಪ ಅವನ ಮೇಲಿತ್ತು. ಅವರಲ್ಲಿ ಹೆಚ್ಚಿನವರು ಬಡ ಮನೆಯವರು, ವರದಕ್ಷಿಣೆಗೆ ಗತಿಯಿಲ್ಲದೆ ಮದುವೆ ತಡವಾದವರು. ಮದುವೆಯ ಮಾತು ಕೊಟ್ಟು ಬೇರೆ ಊರಿಗೆ ಕರೆದೊಯ್ಯುತ್ತಿದ್ದ. ಮರುದಿನ ಬಸ್ ನಿಲ್ದಾಣದಲ್ಲಿ ಗರ್ಭ ನಿಲ್ಲದಿರಲು ಎಂದು ಹೇಳಿ ಮಾತ್ರೆ ಕೊಡುತ್ತಿದ್ದ. ಅವರು ಅದನ್ನು ನುಂಗುತ್ತಿದ್ದದ್ದು ನಿಲ್ದಾಣದ ಶೌಚಾಲಯದಲ್ಲಿ. ಮೈಸೂರು, ಮಡಿಕೇರಿ, ಬೆಂಗಳೂರುಗಳಲ್ಲಿ ಹೀಗೆ ಸಿಕ್ಕ ಶವಗಳು ಗುರುತಿಲ್ಲದ ಹೆಣ್ಣಿನ ಅಸಹಜ ಸಾವು ಎಂದು ಕಡತ ಸೇರಿದವು. 2013ರ ಡಿಸೆಂಬರ್‌ನಲ್ಲಿ ಮೊದಲ ಪ್ರಕರಣಗಳಲ್ಲಿ ಮಂಗಳೂರಿನ ನ್ಯಾಯಾಲಯ ಅವನನ್ನು ಅಪರಾಧಿ ಎಂದಿತು. ಮೇಲ್ಮನವಿಯಲ್ಲಿ ಕೆಲವು ಶಿಕ್ಷೆಗಳು ಬದಲಾದವು.

2009ರಲ್ಲಿ ಬಂಟ್ವಾಳ ತಾಲ್ಲೂಕಿನ ಯುವತಿಯೊಬ್ಬಳು ಕಾಣೆಯಾದಾಗ ಜನ ಮೊದಲು ಅನುಮಾನಪಟ್ಟದ್ದು ಬೇರೆ ಕೋಮಿನವನ ಜೊತೆ ಓಡಿಹೋಗಿದ್ದಾಳೆ ಎಂದು. ಗಲಾಟೆ ಜೋರಾಗಿ, ಪ್ರತಿಭಟನೆ ನಡೆದ ಮೇಲೆ ಪೊಲೀಸರು ಫೋನ್ ಕರೆಗಳ ಜಾಡು ಹಿಡಿದರು. ಒಬ್ಬ ಕಾಣೆಯಾದ ಹೆಣ್ಣಿನ ನಂಬರ್ ಇನ್ನೊಬ್ಬ ಕಾಣೆಯಾದ ಹೆಣ್ಣಿನ ಕಡೆ ಕೈ ತೋರಿಸಿತು. ಜಾಡು ನಿಂತದ್ದು ಮೇಷ್ಟ್ರ ಬಳಿ. ಮರ್ಯಾದೆಯ ಇನ್ನೊಂದು ಮಗ್ಗುಲು ಇಲ್ಲಿ ಬಯಲಾಗುತ್ತದೆ. ಕೆಲವರನ್ನು ಅನುಮಾನಿಸಲೇಬಾರದು ಎಂದು ಊರು ತೀರ್ಮಾನಿಸಿದ್ದರೆ, ಅನುಮಾನಿಸಲು ಬೇರೆ ಯಾರನ್ನೋ ಮೊದಲೇ ಗೊತ್ತುಮಾಡಿ ಇಟ್ಟುಕೊಂಡಿರುತ್ತದೆ.

ರೀಮಾ ಕಾಗ್ತಿ ಮತ್ತು ಜೋಯಾ ಅಖ್ತರ್ ರೂಪಿಸಿದ ಹಿಂದಿ ಸರಣಿ 'ದಹಾಡ್' (2023) ಈ ಪ್ರಕರಣವನ್ನು ನೆನಪಿಸದೆ ಇರದು. ಅಲ್ಲಿ ಕಥೆ ರಾಜಸ್ಥಾನಕ್ಕೆ ಹೋಗಿದೆ, ಕೊಲೆಗಾರ ಹಿಂದಿ ಉಪನ್ಯಾಸಕನಾಗಿದ್ದಾನೆ. ತಂಗಿ ಕಾಣೆಯಾಗಿದ್ದಾಳೆ ಎಂದು ಬಂದ ಬಡ ಅಣ್ಣನನ್ನು ಠಾಣೆ ಅಲೆದಾಡಿಸುತ್ತದೆ. ಹುಡುಗಿ ಬೇರೆ ಧರ್ಮದವನ ಜೊತೆ ಹೋದಳು ಎಂಬ ಮಾತು ಹುಟ್ಟಿದೊಡನೆ ಅದೇ ಠಾಣೆ ಚುರುಕಾಗುತ್ತದೆ. ಸೋನಾಕ್ಷಿ ಸಿನ್ಹಾ ಮಾಡಿದ ಎಸ್‌ಐ ಪಾತ್ರ ದಲಿತ ಮನೆಯವಳು. ತನಿಖೆಗೆ ಮೇಲ್ಜಾತಿಯ ಮನೆಯ ಹೊಸ್ತಿಲಲ್ಲಿ ಒಳಗೆ ಬರಬೇಡ ಎಂದು ಅವಳನ್ನು ತಡೆಯುವ ಸನ್ನಿವೇಶವಿದೆ. ನಮ್ಮ ದೇಶದಲ್ಲಿ ಸಂಭಾವಿತ ಎಂಬ ಪಟ್ಟವನ್ನು ಯಾರು ಯಾರಿಗೆ ಕೊಡುತ್ತಾರೆ ಎಂಬುದನ್ನು ಇಷ್ಟು ನೇರವಾಗಿ ತೋರಿಸಿದ ಪೊಲೀಸ್ ಕಥೆಗಳು ಕಡಿಮೆ. ಎಂಟು ಕಂತಿನ ನಡುವೆ ಬಿಗಿ ಸಡಿಲಾಗುತ್ತದೆ ನಿಜ, ಆದರೂ ನಾನು ಈ ಸಾಲಿನಲ್ಲಿ ಇದನ್ನು 'ಎಲ್ ಕ್ಲಾನ್' ಪಕ್ಕದಲ್ಲೇ ಇಡುತ್ತೇನೆ.

ಕನ್ನಡ ಚಿತ್ರರಂಗ ನಿಜ ಅಪರಾಧದ ಕಥೆ ಎಂದಾಗ ಹೋದದ್ದು ಬೇರೆ ದಿಕ್ಕಿಗೆ. 2012ರ 'ದಂಡುಪಾಳ್ಯ' ದೊಡ್ಡ ಗೆಲುವು ಕಂಡಿತು, ಅದರ ಬೆನ್ನಿಗೆ ಮುಂದುವರಿದ ಭಾಗಗಳೂ ಬಂದವು. ಅಲ್ಲಿ ಅಪರಾಧ ಊರಾಚೆಯಿಂದ ಬರುತ್ತದೆ. ಕೊಳಕು ಬಟ್ಟೆ, ಬೀಡಿ, ಒರಟು ಮಾತು. ನೀರು ಕೇಳುವ ನೆಪದಲ್ಲಿ ಒಳ್ಳೆಯವರ ಮನೆಯ ಬಾಗಿಲು ತಟ್ಟುತ್ತದೆ. ಆ ಭಯವನ್ನು ಪ್ರೇಕ್ಷಕರಿಗೆ ಮಾರುವುದು ಸುಲಭ, ಏಕೆಂದರೆ ಅದು ಅವರಲ್ಲಿ ಮೊದಲೇ ಇದೆ. ಬಾಗಿಲ ಒಳಗಿರುವವನೇ ಕೊಲೆಗಾರನಾದ ಪ್ರಕರಣಗಳು ನಮ್ಮ ಜಿಲ್ಲಾ ನ್ಯಾಯಾಲಯಗಳಲ್ಲಿ ಬೇಕಾದಷ್ಟಿವೆ. ಅವು ತೆರೆಯ ಮೇಲೆ ಬಂದದ್ದು ಅಪರೂಪ.

ಬಂದರೆ ಯಾರ ಕಡೆಯಿಂದ ಹೇಳಬೇಕು ಎಂಬ ಪ್ರಶ್ನೆಗೆ ಮೇಲಿನ ಪ್ರಕರಣಗಳೇ ದಾರಿ ತೋರಿಸುತ್ತವೆ. ಪ್ರತಿಯೊಂದರಲ್ಲೂ ಸುಮ್ಮನಿರಲು ಒಪ್ಪದ ಒಬ್ಬರಿದ್ದಾರೆ. ಔಲೆತ್‌ನ ದೇಹ ಸಿಕ್ಕಿದ್ದು 1987ರಲ್ಲಿ. ಅಷ್ಟು ವರ್ಷವೂ ಅವನ ಎಳೆ ವಯಸ್ಸಿನ ಹೆಂಡತಿ ಉತ್ತರ ಕೇಳುವುದನ್ನು ನಿಲ್ಲಿಸಲಿಲ್ಲ. ರಿಚ್ಮಂಡ್ ರಸ್ತೆಯ ಮಗಳಿದ್ದಾಳೆ. ಬಂಟ್ವಾಳದ ಪ್ರಕರಣದಲ್ಲಿ ಇಪ್ಪತ್ತು ಮನೆಗಳಿವೆ. ಅವರಲ್ಲಿ ಕೆಲವರು ಮಗಳು ಮದುವೆಯಾಗಿ ಎಲ್ಲೋ ಸುಖವಾಗಿದ್ದಾಳೆ ಎಂದುಕೊಂಡಿದ್ದರು, ಕೆಲವರು ಮಾನಕ್ಕೆ ಅಂಜಿ ದೂರು ಕೊಟ್ಟಿರಲಿಲ್ಲ, ಕೆಲವರು ಕೊಟ್ಟಿದ್ದರು. ಒಬ್ಬ ಕನ್ನಡ ಚಿತ್ರಕಥೆಗಾರ ಮೈಸೂರಿನ ಬಸ್ ನಿಲ್ದಾಣದಿಂದ ಶುರುಮಾಡಲಿ. ಅದೇ ಶೌಚಾಲಯದಲ್ಲಿ, ಒಳಗಿನಿಂದ ಚಿಲಕ ಹಾಕಿದ ಬಾಗಿಲ ಹಿಂದೆ, ಮದುವಣಗಿತ್ತಿಯಂತೆ ಸೀರೆ ಉಟ್ಟ ಹೆಣ್ಣಿನ ಶವ ಎರಡನೇ ಸಲ, ಮೂರನೇ ಸಲ ಸಿಕ್ಕಾಗ ಠಾಣೆಯಲ್ಲಿ ಯುಡಿಆರ್ (ಅಸಹಜ ಸಾವಿನ ವರದಿ) ಬರೆದ ಕೈ ಯಾಕೆ ಹಿಂದಿನ ಪುಟ ತಿರುವಿ ನೋಡಲಿಲ್ಲ ಎಂಬುದನ್ನು ಕಥೆಯ ನಡುವೆ ಇಟ್ಟು ಬರೆಯಲಿ. ಮೇಷ್ಟ್ರ ಮನಸ್ಸಿನಲ್ಲಿ ಏನಿತ್ತು ಎನ್ನುವುದಕ್ಕೆ ಆಮೇಲೆ ಎರಡು ದೃಶ್ಯ ಸಾಕು.